ಜಪಾನಿ ಡ್ರಾಮಾದಾಗ ಹತ್ತ ಕಂತಿಗೆ ಅಷ್ಟು ಬಿಗಿ ಹೆಂಗ ಬರ್ತದ?

ಸಾಧನಕೇರಿ, ಧಾರವಾಡ

ಜಪಾನಿನ ಈಗಿನ ಟೀವಿ ಡ್ರಾಮಾ ಮನಸಿಟ್ಟು ನೋಡಿದವರಿಗೆ ಒಂದು ಪ್ರಶ್ನೆ ಅದ. ಅಲ್ಲಿ ಕೊಲಿ ಇರಲಿ, ಜೂಜು ಇರಲಿ, ಇಲ್ಲಾ ಬರೇ ಬ್ಯಾಂಕಿನ ಒಂದು ಸಾಲದ ಫೈಲ್ ಇರಲಿ, ನೋಡೋರ ಎದಿ ಡವಡವ ಅನ್ನೋದು ನಿಲ್ಲಂಗಿಲ್ಲ. ಹತ್ತು ವಾರದಾಗ ಎಲ್ಲಾ ಮುಗೀತದ. ನಮ್ಮ ಧಾರಾವಾಹಿ ಐನೂರು ಕಂತು ದಾಟಿದ್ರೂ ಆ ಬಿಗಿ ಬರಂಗಿಲ್ಲ. ನಟರ ಕೊರತಿ ಅಂತೂ ಅಲ್ಲ, ನಮ್ಮ ಭಾಗದ ನಟರು ಯಾರಿಗೂ ಕಡಿಮಿ ಇಲ್ಲ.

‘ಭಾರೀ ಅದ, ನೋಡ್ರಿ’ ಅನ್ನೋ ಶಿಫಾರಸು ಬ್ಯಾಡ. ಈ ಬಿಗಿ ಯಾವ ಸಾಮಾನಿನಿಂದ ಕಟ್ತಾರ, ಒಂದು ಕಂತಿನ್ಯಾಗ ಯಾವಾಗ ಏನು ಬರ್ತದ, ಎಲ್ಲಿ ಕೆಡ್ತದ, ಇದನ್ನ ಬಿಚ್ಚಿ ಹೇಳ್ರಿ. ಕನ್ನಡದಾಗ ಇಪ್ಪತ್ತು ನಿಮಿಷದ 10 ಕಂತು ಬರೀಬೇಕು ಅನ್ನೋರಿಗೆ ಕೈಗೆ ಹತ್ತೋ ಹಂಗ ಇದ್ರ ಚಲೋ.

ದುರ್ಗದಬೈಲ್, ಹುಬ್ಬಳ್ಳಿ

ಸಾಮಾನಿನಕಿಂತ ಮೊದಲು ಕ್ಯಾಲೆಂಡರ್ ನೋಡ್ರಿ, ಬಿಗಿ ಹುಟ್ಟೋದು ಅಲ್ಲೇ. ಜಪಾನಿ ಚಾನೆಲ್ಲಿನವರು ವರ್ಷಾನ ನಾಕು ಪಾಲು ಮಾಡ್ಯಾರ: ಜನವರಿ, ಏಪ್ರಿಲ್, ಜುಲೈ, ಅಕ್ಟೋಬರ್. ಒಂದು ಪಾಲಿಗೆ ಒಂದು ಕಥಿ, ವಾರಕ್ಕ ಒಂದು ಕಂತು, 10 ಇಲ್ಲಾ 11 ಕಂತಿಗೆ ಮುಕ್ತಾಯ. ಒಂದು ತಾಸಿನ ಜಾಗಾದಾಗ ಜಾಹೀರಾತು ಕಳದ್ರ ಕಥಿಗೆ ಉಳಿಯೋದು ಸುಮಾರು 45 ನಿಮಿಷ. ಮೊದಲನೇ ಕಂತಿಗೂ ಕಡೀ ಕಂತಿಗೂ ಅಷ್ಟೊಂದಿಷ್ಟು ಹೆಚ್ಚಿಗಿ ವ್ಯಾಳ್ಯಾ ಕೊಡೋದು ರೂಢಿ. ಬರಿಯೋರು ಪೆನ್ನು ಹಿಡಿಯೋ ಮೊದಲ ಕಥಿ ಯಾವ ವಾರ ಮುಗೀಬೇಕು ಅನ್ನೋದು ಗೊತ್ತಿರತೈತಿ. ನಮ್ಮಲ್ಲಿ ಟಿಆರ್‌ಪಿ ಇರೋತನಕ ಎಳಿಯೋದು. ಕಡೀ ದಿನ ಯಾವುದಂತ ಗೊತ್ತಿಲ್ಲದ ಕಥಿಯೊಳಗ ಗಡುವು ಇಟ್ರೂ ಅದಕ್ಕ ಹಲ್ಲು ಇರಂಗಿಲ್ಲ.

‘ಹನ್‌ಜಾವಾ ನಾವೊಕಿ’ ಉದಾಹರಣೆ ತಗೊಳ್ರಿ. 2013ರ ಜುಲೈ 7ಕ್ಕ ಟಿಬಿಎಸ್ ಚಾನೆಲ್ಲಿನ ರವಿವಾರ ರಾತ್ರಿ 9ರ ಜಾಗಾದಾಗ ಶುರು ಆತು. ಮೊದಲ ಕಂತಿನ ರೇಟಿಂಗ್ ನೂರಕ್ಕ 19.4, ಸಪ್ಟೆಂಬರಿನ ಕಡೀ ಕಂತಿಂದು 42.2. ಎರಡೂ ಟೋಕಿಯೋ ಸುತ್ತಲಿನ ಕಾಂಟೋ ಭಾಗದ ಲೆಕ್ಕ. ಮೂಲ ಕಾದಂಬರಿ ಬರದ ಇಕೆಯಿದೋ ಜುನ್ ಅವರು ತಾವ ಮೊದಲು ಬ್ಯಾಂಕಿನಾಗ ಕೆಲಸ ಮಾಡಿದವರು, ಅದಕ್ಕ ಕಾಗದಪತ್ರದ ವಾಸನಿ ಖರೇನ ಹತ್ತೈತಿ.

ಕಥಿ ಎಷ್ಟು ಸಣ್ಣದು ನೋಡ್ರಿ. ಓಸಾಕಾದ ಒಂದು ಉಕ್ಕಿನ ಕಂಪನಿಗೆ ಅಡವಿಲ್ಲದ 50 ಕೋಟಿ ಯೆನ್ ಸಾಲ ಹೋಗತೈತಿ. ಕಂಪನಿ ದಿವಾಳಿ, ಲೆಕ್ಕದ ಪುಸ್ತಕ ಸುಳ್ಳು. ಸಾಲ ಕೊಡ್ರಿ ಅಂತ ಒತ್ತಾಯ ಮಾಡಿದ ಶಾಖಾ ಮ್ಯಾನೇಜರ್ ತಪ್ಪನ್ನ ಸಾಲ ವಿಭಾಗದ ಮುಖ್ಯಸ್ಥ ಹನ್‌ಜಾವಾನ ತಲಿಗೆ ಕಟ್ತಾನ. ರೊಕ್ಕ ವಸೂಲಿ ಆಗಲಿಲ್ಲಂದ್ರ ಅವಗ ‘ಶುಕ್ಕೋ’, ಅಂದ್ರ ಬ್ಯಾಂಕ್ ಬಿಡಿಸಿ ಯಾವುದೋ ಅಂಗಸಂಸ್ಥೆಗೆ ಸಾಗಹಾಕೋದು. ನಮ್ಮ ಮಾತಿನಾಗ ಎತ್ತಂಗಡಿ, ತಿರಗಿ ಬರೋ ದಾರಿ ಬಹುತೇಕ ಇರದ ಎತ್ತಂಗಡಿ. ಅಲ್ಲಿ ಸಂಬಳದ ಜೋಡಿ ಮನಿ, ನೆರೆಹೊರೆ, ಹೆಂಡ್ತಿಯ ಮಾನ ಎಲ್ಲಾ ಬ್ಯಾಂಕಿಗೇ ಹೊಂದಿಕೊಂಡಿರತಾವು. ಪ್ರಾಣ ಹೋಗೋದಕ್ಕಿಂತ ಇದು ನೋಡೋರಿಗೆ ಹತ್ತರ, ಯಾಕಂದ್ರ ಪ್ರತಿ ಮನ್ಯಾಗೂ ಒಬ್ಬರು ನೌಕರಿ ಮಾಡೋರು ಇರತಾರ.

ಇನ್ನೊಂದು ಕಸುಬು ಐತಿ ಇದರಾಗ. 10 ಕಂತಿನ ಕಥಿ ಅಂತ ನಾವು ಅಂತೀವಿ, ಕಟ್ಟಿದ್ದು ಮಾತ್ರ 5 ಕಂತಿನ ಎರಡು ಕಥಿ. ಮೊದಲ ಅರ್ಧ ಓಸಾಕಾ, 5ನೇ ಕಂತಿಗೆ ಆ ಲೆಕ್ಕ ಪೂರ್ತಿ ಚುಕ್ತಾ. ಎರಡನೇ ಅರ್ಧ ಟೋಕಿಯೋದ ಮುಖ್ಯ ಕಚೇರಿ, ದೊಡ್ಡ ಎದುರಾಳಿ. ಯಾವ ಸರಣಿಯಾದ್ರೂ 5, 6ನೇ ಕಂತಿನಾಗ ಹೊಟ್ಟಿ ಇಳಿಬೀಳತೈತಿ, ಇಲ್ಲಿ ಅದೇ ಜಾಗಾದಾಗ ಕ್ಲೈಮ್ಯಾಕ್ಸ್ ಇಟ್ಟಾರ. ಬರಿಯೋರು ಇದೊಂದನ್ನ ಕದ್ರೂ ಸಾಕು.

2023ರ ‘ವಿವಾಂ’ ಇದಕ್ಕೂ ಒಂದು ಹೆಜ್ಜಿ ಮುಂದ. ಮಂಗೋಲಿಯಾದಾಗ ತಿಂಗಳಗಟ್ಟಲೆ ಶೂಟಿಂಗ್ ಮಾಡಿದ, ಬೇಹುಗಾರಿಕಿಯ ದೊಡ್ಡ ಕಥಿ ಅದು. ಆದ್ರ ಶುರು ಆಗೋದು ಒಂದು ಸೊನ್ನಿಯಿಂದ. ಕಂಪನಿ ಕಳಿಸಬೇಕಾಗಿದ್ದು 1 ಕೋಟಿ ಡಾಲರ್, ಹೋಗಿದ್ದು 10 ಕೋಟಿ. ಹೆಚ್ಚಿಗಿ ಹೋದ 9 ಕೋಟಿ ತರೋ ಮನಷ್ಯಾ ಮರುಭೂಮಿಗೆ ಬೀಳತಾನ. ಸೊನ್ನಿ ಎಲ್ಲರಿಗೂ ತಿಳಿತೈತಿ, ಬೇಹುಗಾರಿಕಿ ಆಮ್ಯಾಲೆ ಬಂದ್ರ ನಡಿತೈತಿ.

ಮಸಾರಿ ನೆಲ, ಗದಗ

ದುರ್ಗದಬೈಲ್ ಅವರು ಲೆಕ್ಕದ ಕಡೆಯಿಂದ ಹೇಳಿದರು, ನಾನು ರಂಗದ ಕಡೆಯಿಂದ ಹೇಳುತ್ತೇನೆ. ಈ ಡ್ರಾಮಾಗಳ ಬೇರು ಜಪಾನಿನ ಹಳೆಯ ರಂಗಕಲೆಯಾದ ಕಬುಕಿಯಲ್ಲಿದೆ. ಇದು ಹೋಲಿಕೆಯಷ್ಟೇ ಅಲ್ಲ, ‘ಹನ್‌ಜಾವಾ’ದ ಪಾತ್ರವರ್ಗದಲ್ಲೇ ಕಬುಕಿ ನಟರಿದ್ದಾರೆ. ಸರಕಾರಿ ತಪಾಸಣಾಧಿಕಾರಿಯ ಪಾತ್ರ ಕತಾವೋಕಾ ಐನೊಸುಕೆ ಅವರದು. ಎದುರಾಳಿ ಓವಾದಾನ ಪಾತ್ರ ಮಾಡಿದ ಕಾಗಾವಾ ತೆರುಯುಕಿ 2012ರಲ್ಲಿ ಕಬುಕಿ ಮನೆತನದ ಹೆಸರು ತೆಗೆದುಕೊಂಡವರು. 2020ರ ಎರಡನೇ ಭಾಗಕ್ಕೆ ಇಚಿಕಾವಾ ಎನ್ನೊಸುಕೆ, ಓನೊಯೆ ಮತ್ಸುಯಾ ಕೂಡ ಸೇರಿದರು. ಕಬುಕಿಯಲ್ಲಿ ‘ಮಿಯೆ’ ಎಂಬುದಿದೆ: ಭಾವ ತುತ್ತತುದಿಗೆ ಏರಿದಾಗ ನಟ ಮೈ ಬಿಗಿಹಿಡಿದು, ಕಣ್ಣು ಅಗಲಿಸಿ, ಶಿಲೆಯಂತೆ ನಿಂತುಬಿಡುತ್ತಾನೆ, ಮರದ ತುಂಡುಗಳ ಟಕಟಕ ಬಡಿತ ಆ ಗಳಿಗೆಯನ್ನು ಎತ್ತಿ ಹಿಡಿಯುತ್ತದೆ. ದೊಡ್ಡಾಟದಲ್ಲಿ ಪಾತ್ರಧಾರಿ ಹೆಜ್ಜೆ ಮುಗಿಸಿ ಗಕ್ಕನೆ ನಿಂತು ದೃಷ್ಟಿ ನೆಟ್ಟಾಗ ಕೂತವರ ಮೈ ಜುಂ ಅನ್ನುವುದು ಗೊತ್ತಿದ್ದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಗರುಡ ಸದಾಶಿವರಾಯರ ಕಂಪನಿ ಇದ್ದ ಊರು ಗದಗ. ದೊಡ್ಡ ದನಿ, ದೊಡ್ಡ ಮುಖಭಾವ ತಪ್ಪು ಎಂದು ನಮಗೆ ಕಲಿಸಿದ್ದು ಆಮೇಲಿನ ಸಿನಿಮಾ.

ಹತ್ತಿರದಿಂದ ನೋಡಬೇಕಾದದ್ದು ಮೊದಲ ಭಾಗದ ಕೊನೆಯ ಕಂತಿನ ಮಂಡಿಯೂರುವ ದೃಶ್ಯ. ನೋಡಿರದವರು ಈ ಪ್ಯಾರಾ ಬಿಟ್ಟು ಮುಂದೆ ಹೋಗಿ. ಆಡಳಿತ ಮಂಡಳಿಯ ಸಭೆ, ಎಲ್ಲರೂ ಕೂತಿದ್ದಾರೆ. ತಪ್ಪು ಸಾಬೀತಾಗಿದೆ, ನೆಲಕ್ಕೆ ಹಣೆ ಹಚ್ಚಿ ಕ್ಷಮೆ ಕೇಳುವುದೊಂದು ಬಾಕಿ. ಓವಾದಾ ಕೂಡಲೇ ಬಾಗುವುದಿಲ್ಲ. ಮುಖ ನಡುಗುತ್ತದೆ, ಮೊಣಕಾಲು ಸ್ವಲ್ಪ ಬಗ್ಗಿ ನಿಲ್ಲುತ್ತದೆ, ಮತ್ತೆ ಸ್ವಲ್ಪ. ಮೈಯೊಂದು ಕಡೆ, ಮನಸ್ಸೊಂದು ಕಡೆ ಜಗ್ಗುತ್ತವೆ. ಎದುರಿಗಿರುವ ಹನ್‌ಜಾವಾ ಪಾತ್ರದ ಸಾಕಾಯಿ ಮಸಾತೊ ಕಣ್ಣು ತೆಗೆಯುವುದಿಲ್ಲ. ಇಷ್ಟು ನಿಧಾನವನ್ನು ಜನ ಸಹಿಸಿದ್ದೇಕೆ? ಹತ್ತು ವಾರದ ಸಾಲ ಆ ಮೊಣಕಾಲಿನ ಮೇಲಿತ್ತು. ಅದೇ ದೃಶ್ಯ ಮೂರನೇ ಕಂತಿನಲ್ಲಿ ಬಂದಿದ್ದರೆ ಬರೀ ಅಬ್ಬರ.

ನಮ್ಮ ಧಾರಾವಾಹಿಯೂ ಮುಖ ತೋರಿಸುತ್ತದೆ, ಒಂದೊಂದು ಮಾತಿಗೆ ಮನೆಮಂದಿಯ ಮುಖವನ್ನೆಲ್ಲ ಮೂರು ಮೂರು ಸಲ, ಢಂ ಢಂ ಎಂಬ ಸದ್ದಿನೊಂದಿಗೆ. ಸಾಧನ ಒಂದೇ, ಬಳಕೆ ಬೇರೆ. ಅಲ್ಲಿ ಮುಖದ ಹತ್ತಿರಕ್ಕೆ ಕ್ಯಾಮೆರಾ ಹೋಗುವ ಹೊತ್ತಿಗೆ ಆ ಮನುಷ್ಯ ಏನು ಕಳೆದುಕೊಳ್ಳುತ್ತಾನೆ ಎಂಬುದು ಪ್ರೇಕ್ಷಕರಿಗೆ ಮೊದಲೇ ಗೊತ್ತಿರುತ್ತದೆ. ಗೊತ್ತಿಲ್ಲದೆ ಮುಖ ತೋರಿಸಿದರೆ ಸದ್ದು ಹಾಕಿ ತುಂಬಿಸಬೇಕಾಗುತ್ತದೆ. ಆದ್ದರಿಂದ ಬರೆಯುವವರು ಕಂತಿಗೆ ಇಂಥ ಮುಖ ಎರಡಕ್ಕಿಂತ ಹೆಚ್ಚು ಇಡಬೇಡಿ, ಆ ಎರಡಕ್ಕೂ ಮೊದಲು ಪಣ ಏನೆಂದು ಸ್ಪಷ್ಟ ಮಾಡಿಕೊಳ್ಳಿ.

ಕೊನೆ ಗೊತ್ತಿದ್ದರೆ ಕುತೂಹಲ ಹೋಗುತ್ತದೆ ಎಂಬ ಭಯವೂ ಬೇಡ. ‘ಮಿತೊ ಕೋಮೊನ್’ ಎಂಬ ಐತಿಹಾಸಿಕ ಸರಣಿ 1969ರಿಂದ 2011ರವರೆಗೆ ನಡೆಯಿತು. ಮುದುಕನ ವೇಷದ ದೊಡ್ಡವರು ಊರೂರು ಸುತ್ತುತ್ತಾರೆ, ಕಂತು ಮುಗಿಯುವ ಸ್ವಲ್ಪ ಮೊದಲು ಸೇವಕ ರಾಜಮುದ್ರೆಯ ಡಬ್ಬಿ ಎತ್ತಿ ತೋರಿಸುತ್ತಾನೆ, ದುಷ್ಟರು ನೆಲಕ್ಕೆ ಬೀಳುತ್ತಾರೆ. ಪ್ರತಿ ವಾರ ಇದೇ. ಹನ್‌ಜಾವಾನ ‘ಎರಡರಷ್ಟು ತಿರುಗಿಸಿ ಕೊಡ್ತೀನಿ’ ಎಂಬ ಮಾತು ಆ ಡಬ್ಬಿಯ ಮೊಮ್ಮಗ.

ಬ್ಯಾಡಗಿ ಖಾರ, ಹಾವೇರಿ ಜಿಲ್ಲಾ

ಆಟದ ಕಥಿಗೋಳ ಬಗ್ಗೆ ಯಾರೂ ಹೇಳಿಲ್ಲ, ಅದು ನಾ ಹೇಳ್ತೀನಿ. ಅಲ್ಲಿ ಬಿಗಿ ಬರೋದು ರಕ್ತದಿಂದ ಅಂತ ತಿಳಕೊಂಡೋರು ಭಾಳ. ರಕ್ತ ತಗದ್ರೂ ಆಟ ನಿಂದರತೈತಿ, ಲೆಕ್ಕ ತಗದ್ರ ಬಿದ್ದ ಹೋಗತೈತಿ.

2007ರಾಗ ಫುಜಿ ಟೀವಿಯೊಳಗ ಬಂದ ‘ಲೈಯರ್ ಗೇಮ್’ದಾಗ ಒಂದು ಆಟ ಐತಿ, ಕಡಿಮಿ ಮಂದಿ ಇದ್ದವರು ಉಳಿಯೋ ಆಟ. ಹೌದು ಇಲ್ಲಾ ಅಲ್ಲ ಅನ್ನೋ ಪ್ರಶ್ನೆ. ಎಲ್ಲಾರೂ ಚೀಟಿ ಹಾಕ್ಬೇಕು. ಯಾವ ಉತ್ತರಕ್ಕ ಕಡಿಮಿ ಚೀಟಿ ಬಿದ್ದಾವೋ ಅವರು ಮುಂದಕ್ಕ, ಹೆಚ್ಚಿನವರು ಹೊರಗ, ಹೊರಗ ಬಿದ್ದವರ ತಲಿ ಮ್ಯಾಲೆ ಸಾಲ. ಈಗ ಕಾಗದ ಪೆನ್ನು ತಗೊಳ್ರಿ. 22 ಮಂದಿ ಅಂತ ಹಿಡೀರಿ. ಎಂಟು ಮಂದಿ ಗುಟ್ಟಾಗಿ ಒಂದಾಗಿ, ನಾಕು ಮಂದಿ ಹೌದು, ನಾಕು ಮಂದಿ ಅಲ್ಲ ಅಂತ ಹಾಕಿದ್ರ? ಕಡಿಮಿ ಇದ್ದವರು 10ಕ್ಕಿಂತ ಹೆಚ್ಚಿಗಿ ಇರಾಕ ಬರಂಗಿಲ್ಲ, ಅದರಾಗ ನಮ್ಮವರು ನಾಕು ಗ್ಯಾರಂಟಿ. ಮುಂದಿನ ಸುತ್ತಿಗೆ ಎರಡು ಎರಡು ಹಂಚಿ ಹಾಕಿದ್ರ ಉಳಿಯೋರು ನಾಕರ ಮ್ಯಾಲೆ ಹೋಗಂಗಿಲ್ಲ, ನಮ್ಮವರು ಇಬ್ಬರು. ಅದರ ಮುಂದ ಒಬ್ಬೊಬ್ಬರು ಒಂದೊಂದು ಕಡೆ, ಉಳಿಯೋ ಒಬ್ಬಾಂವ ನಮ್ಮಾಂವ. ಗೆದ್ದ ರೊಕ್ಕ ಎಂಟು ಪಾಲು. ಪಕ್ಕಾ ಲೆಕ್ಕ, ಅದೃಷ್ಟದ ಮಾತ ಇಲ್ಲ. ಆ ಲೆಕ್ಕ ತಿಳಿದ ಕೂಡಲೇ ನೋಡೋರ ತಲ್ಯಾಗ ಮುಂದಿನ ಪ್ರಶ್ನೆ ತಾನ ಬರತೈತಿ: ಎಂಟರಾಗ ಒಬ್ಬಾಂವ ಇನ್ನೊಂದು ಗುಂಪಿಗೂ ಮಾತು ಕೊಟ್ಟಿದ್ರ? ಕಥಿ ಬರದಾಂವ ಹೆದರಸೋ ಮೊದಲ ನೋಡಾಂವ ಹೆದರ್ಯಾನ.

2020ರ ಡಿಸೆಂಬರಿನಾಗ ನೆಟ್‌ಫ್ಲಿಕ್ಸಿಗೆ ಬಂದ ‘ಅಲಿಸ್ ಇನ್ ಬಾರ್ಡರ್‌ಲ್ಯಾಂಡ್’ ಇಸ್ಪೀಟ್ ಎಲಿ ಮ್ಯಾಲೆ ನಡಿತೈತಿ. ಸ್ಪೇಡ್ ಅಂದ್ರ ಮೈಕಸುವಿನ ಆಟ, ಕ್ಲಬ್ ಅಂದ್ರ ಗುಂಪಿನ ಆಟ, ಡೈಮಂಡ್ ಬುದ್ಧಿದು, ಹಾರ್ಟ್ ನಂಬಿಕಿದು. ಅಂಕಿ ದೊಡ್ಡದಾದಂಗ ಆಟ ಕಠಿಣ. ಎಲಿ ತೋರಸಿದ್ರ ಸಾಕು, ಒಂದು ಮಾತಿಲ್ಲದ ನೋಡೋರ ಹೊಟ್ಟ್ಯಾಗ ತಣ್ಣಗಾಕೈತಿ. ಟೋಕಿಯೋದ ಶಿಬುಯಾ ಚೌಕ ಖಾಲಿ ಬಿದ್ದಿದ್ದು ತೋರಸಾಕ ತೊಚಿಗಿ ಪ್ರಾಂತದ ಅಶಿಕಾಗಾದಾಗ ಚೌಕದ ಸೆಟ್ಟನ್ನ ಹಾಕಿದ್ರು, ಖರ್ಚಿನ ಮಾತು ಬ್ಯಾರೆ. ನಮ್ಮಂಥವರು ಕಲೀಬೇಕಾಗಿದ್ದು ಎರಡನೇ ಭಾಗದ ಹಾರ್ಟ್ ಗುಲಾಮನ ಆಟ. ಒಂದು ಜೈಲು, 20 ಮಂದಿ. ಪ್ರತಿಯೊಬ್ಬರ ಕುತ್ತಿಗಿ ಪಟ್ಟಿಯ ಹಿಂದ ಒಂದು ಚಿಹ್ನೆ, ತನ್ನದು ತನಗ ಕಾಣಂಗಿಲ್ಲ. ತಾಸಿಗೊಮ್ಮೆ ಒಬ್ಬೊಬ್ಬರಾಗಿ ಕೋಣಿಗೆ ಹೋಗಿ ತನ್ನ ಚಿಹ್ನೆ ಹೇಳಬೇಕು, ತಪ್ಪಿದ್ರ ಪ್ರಾಣ ಹೋತು. ಅಂದ್ರ ಬ್ಯಾರೆಯವರು ಹೇಳಿದ್ದನ್ನ ನಂಬಲೇಬೇಕು. ಆ ಗುಂಪಿನಾಗ ಅಡಗಿದ ಎದುರಾಳಿ, ಅಂದ್ರ ಗುಲಾಮ, ಯಾರಂತ ಯಾರಿಗೂ ಗೊತ್ತಿಲ್ಲ. ನಾಕು ಗ್ವಾಡಿ, ಒಂದು ಗಡಿಯಾರ, ಕುತ್ತಿಗಿಗೆ ಒಂದು ಪಟ್ಟಿ, ಇಷ್ಟ ಖರ್ಚು. ಗೆಳ್ಯಾನ ಮಾತು ನಂಬಿ ಜೀವಾ ಕಳಕೊಳ್ಳೋ ಕಥಿ ಸಣ್ಣಾಟ ನೋಡಿ ಬೆಳದ ನಮ್ಮ ಮಂದಿಗೆ ಹೊಸಾದೂ ಅಲ್ಲ.

ಕೆಡೋದು ಎಲ್ಲಿ ಅಂದ್ರ ನಿಯಮದಾಗ. ಮೂರು ವಾಕ್ಯದಾಗ ಹೇಳಾಕ ಬರದ ಆಟ ಬರೀಬ್ಯಾಡ್ರಿ. ನಾಯಕ ತಪ್ಪಿಸಿಕೊಳ್ಳೋ ಸಂದಿ ಮೊದಲ ಹೇಳಿದ ನಿಯಮದೊಳಗ ಇರಬೇಕು. ಕಡೀಗೆ ಹೊಸಾ ನಿಯಮ ತಂದು ಪಾರು ಮಾಡಿದ್ರ ನೋಡೋರಿಗೆ ಮೋಸ, ಮುಂದಿನ ಕಂತಿಗೆ ಅವರು ಬರಂಗಿಲ್ಲ.

ಸಾಧನಕೇರಿ, ಧಾರವಾಡ

ಭಾಳ ಉಪಕಾರ ಆತ್ರಿ ಎಲ್ಲಾರಿಂದ. ಎರಡು ಸಂಶಯ ಉಳದಾವ. ಎಲ್ಲಾದಕ್ಕೂ ಹಿಂಗ ಗದ್ದಲ, ಸೇಡು, ಜೂಜು ಬೇಕಾ? ಮತ್ತ ಡಬ್ಬಿಂಗ್ ಕೇಳಬೇಕೋ ಮೂಲ ದನಿ ಕೇಳಬೇಕೋ?

ಮಾಳಮಡ್ಡಿ, ಧಾರವಾಡ

ಸಾಧನಕೇರಿಯವರ, ಎರಡನೇದಕ್ಕ ಮೊದಲು ಉತ್ತರ. ಮೂಲ ದನಿನೇ ಕೇಳ್ರಿ, ಓದೋದು ತ್ರಾಸ ಆದ್ರೂ. ಜಪಾನಿ ಮಾತಿನ್ಯಾಗ ದೊಡ್ಡವರಿಗೆ ಆಡೋ ಕ್ರಿಯಾಪದ ಬ್ಯಾರೆ, ಸರೀಕರಿಗೆ ಬ್ಯಾರೆ. ಇಂಗ್ಲಿಷ್ ಸಬ್‌ಟೈಟಲ್ ಎಲ್ಲಾರನ್ನೂ ಒಂದೇ ಸಾಲಿಗೆ ಕೂಡಸ್ತದ. ಮೇಲಧಿಕಾರಿಗೆ ಬಗ್ಗಿ ಬಗ್ಗಿ ಮಾತಾಡೋ ಮನುಷ್ಯ ಒಂದು ಗಳಿಗಿಗೆ ಆ ಮರ್ಯಾದಿ ರೂಪ ಕೈಬಿಟ್ಟ ಅಂದ್ರ, ಕತ್ತಿ ಹಿರಿದಷ್ಟ ತೂಕ. ನಮಗ ಇದು ಬ್ಯಾಗ ತಿಳೀತದ. ‘ಹೇಳ್ರೀ ಸಾಹೇಬ್ರ’ ಅಂತಿದ್ದಾಂವ ‘ರೀ’ ಬಿಟ್ಟು ‘ಹೇಳು’ ಅಂದ ಕೂಡಲೇ ಧಾರವಾಡದ ಯಾವ ಕಚೇರಿಯಾದ್ರೂ ಸ್ತಬ್ಧ ಆಗ್ತದ. ಕನ್ನಡದಾಗ ಬರಿಯೋರ ಕೈಯಾಗ ಈ ಆಯುಧ ಇದ್ದೇ ಅದ. ಒಂಬತ್ತು ಕಂತು ‘ರೀ’ ಕಾಯ್ದಿಟ್ಟು ಹತ್ತನೇದಕ್ಕ ಬಿಡಸ್ರಿ.

ಹೆಸರಿನ ಬಾಲಾನೂ ಕಿವಿಯಿಂದ ಹಿಡೀರಿ. ‘ಸಾನ್’ ಮರ್ಯಾದಿಗೆ, ‘ಕುನ್’ ಮೇಲಿನವರು ಕೆಳಗಿನವರಿಗೆ, ಬರೇ ಹೆಸರು ಇಲ್ಲಾ ಸಲಿಗಿಗೆ ಇಲ್ಲಾ ಸಿಟ್ಟಿಗೆ. ರೊಕ್ಕದ ಲೆಕ್ಕಕ್ಕೂ ಕಿವಿನ ಬೇಕು. ಅವರು ಹತ್ತು ಸಾವಿರಕ್ಕ ‘ಮಾನ್’, ಹತ್ತು ಕೋಟಿಗೆ ‘ಒಕು’ ಅಂತಾರ. ‘ಗೊ ಒಕು’ ಅಂತ ಕೇಳಿದ್ರ ಐದು ಹತ್ತ್ಲೆ ಐವತ್ತು ಕೋಟಿ ಯೆನ್ ಅಂತ ಅಲ್ಲೇ ಹಾಕ್ಕೋರಿ. ಸಬ್‌ಟೈಟಲ್‌ನ ಮಿಲಿಯನ್, ಬಿಲಿಯನ್ ತಿರುವೋದ್ರಾಗ ದೃಶ್ಯ ಮುಗದಿರ್ತದ.

ಗದ್ದಲದ ವಿಷಯಕ್ಕ ನಾನು ಮಸಾರಿ ನೆಲ ಅವರನ್ನ ಪೂರ್ತಿ ಒಪ್ಪಂಗಿಲ್ಲ. ಜಪಾನಿನ ಬಿಗಿ ಎಲ್ಲಾ ಕಬುಕಿಯಿಂದ ಬಂದದ್ದಲ್ಲ. ನೊಗಿ ಆಕಿಕೊ ಬರೆದ 2018ರ ‘ಅನ್‌ನ್ಯಾಚುರಲ್’ ನೋಡ್ರಿ. ಕಾರಣ ತಿಳೀದ ಸಾವುಗಳ ತನಿಖಿ ಮಾಡೋ ಪ್ರಯೋಗಾಲಯ, ಶವಪರೀಕ್ಷೆ ಮಾಡೋ ಡಾಕ್ಟರ್‌ಗೋಳು. ಅಲ್ಲಿ ಪಣ ಸತ್ತವರ ಜೀವ ಅಲ್ಲ, ಅದು ಹೋಗೇ ಬಿಟ್ಟದ. ಸತ್ಯ ಗೊತ್ತಾಗಲಿಲ್ಲಂದ್ರ ಉಳದವರು ಹೆಂಗ ಬಾಳಬೇಕು ಅನ್ನೋದು ಪಣ. ಒಬ್ಬರೂ ಕೂಗಂಗಿಲ್ಲ, ಆದ್ರೂ ಎದ್ದು ನೀರು ಕುಡಿಯಾಕ ಮನಸ್ಸು ಬರಂಗಿಲ್ಲ. ನನಗ ಇದ ಎಲ್ಲಾದಕ್ಕಿಂತ ಮ್ಯಾಲಿನ ಕೆಲಸ.

ಎರಡರ ನಡುವಿನ ದಾರಿ 2021ರ ‘ಟೋಕಿಯೋ ಎಂಇಆರ್’. ಶಸ್ತ್ರಕ್ರಿಯೆ ಕೋಣಿಯನ್ನ ಗಾಡಿಯೊಳಗ ಕಟ್ಟಿ ಅಪಘಾತದ ಜಾಗಕ್ಕ ಒಯ್ಯೋ ವೈದ್ಯರ ತಂಡ. ಕಂತು ಮುಗಿಯೋ ಮುಂದ ವೈರ್‌ಲೆಸ್ಸಿನ್ಯಾಗ ವರದಿ ಬರ್ತದ: ಸಾವು ಸೊನ್ನೆ. ನಿಯಂತ್ರಣ ಕೊಠಡಿ ಚಪ್ಪಾಳಿ ತಟ್ತದ. ಮುಂದಿನ ವಾರ ಮತ್ತ ಅದ. ಇದು ಮಕ್ಕಳಾಟ ಆತು ಅಂತ ಅನ್ನೋ ಹೊತ್ತಿಗೆ 10ನೇ ಕಂತಿನ್ಯಾಗ ಆ ಸೊನ್ನೆ ಒಂದು ಆಗ್ತದ. ಯಾರು ಅಂತ ನಾ ಹೇಳಂಗಿಲ್ಲ. ಒಂಬತ್ತು ಸಲ ಸೊನ್ನೆ ಕೇಳಿದ ಕಿವಿಗೆ ಆ ‘ಒಂದು’ ಅನ್ನೋ ಪದ ಹೆಂಗ ಬೀಳ್ತದ ಅಂತ ಒಮ್ಮೆ ಅನುಭವಿಸ್ರಿ. 20 ಮಂದಿ ಸತ್ತ ಕಂತಿಗೆ ಆ ಶಕ್ತಿ ಇಲ್ಲ.

ಮಸಾರಿ ನೆಲ, ಗದಗ

ಮಾಳಮಡ್ಡಿ ಅವರ ಮಾತು ಒಪ್ಪಿದೆ. ‘ಅನ್‌ನ್ಯಾಚುರಲ್’ಗೆ ಕಬುಕಿ ಬೇರು ಹುಡುಕುವುದು ನನ್ನ ಹಟವಾದೀತು. ಒಂದೇ ಸೇರಿಕೆ: ಸೊನ್ನೆಯನ್ನು ಒಂಬತ್ತು ಸಲ ಹೇಳಿಸುವುದು ರಂಗದ ಪಲ್ಲವಿಯ ಕೆಲಸವೇ. ಪಲ್ಲವಿ ಮುರಿದಾಗಲೇ ಸಭೆ ಎದ್ದು ಕೂರುವುದು.

ದುರ್ಗದಬೈಲ್, ಹುಬ್ಬಳ್ಳಿ

ಕಾಗದದ ಕಥಿ ಬರೀಬೇಕು ಅನ್ನೋರಿಗೆ ಇನ್ನೊಂದು ಪಾಠ ಐತಿ, ನೆಟ್‌ಫ್ಲಿಕ್ಸಿನ 2024ರ ‘ಟೋಕಿಯೋ ಸ್ವಿಂಡ್ಲರ್ಸ್’, 7 ಕಂತು. ಖರೇ ಮಾಲಕನ ಬದಲಿ ಬ್ಯಾರೆ ಮನಷ್ಯಾನ್ನ ತಯಾರು ಮಾಡಿ ಜಾಗಾ ಮಾರೋ ಗುಂಪು. ಕಥಿಯೊಳಗಿನ ದೊಡ್ಡ ವ್ಯವಹಾರ 1,000 ಕೋಟಿ ಯೆನ್ನಿಂದು. ಹಿಂದ 2017ರಾಗ ಟೋಕಿಯೋದಾಗ ಖರೇನ ನಡದ ಮೋಸ ಐತಿ, ಒಂದು ದೊಡ್ಡ ಮನಿ ಕಟ್ಟೋ ಕಂಪನಿ ಸುಮಾರು 555 ಕೋಟಿ ಯೆನ್ ಕಳಕೊಂಡಿತ್ತು.

ಅಲ್ಲಿ ಎದಿ ನಿಂದರಸೋ ದೃಶ್ಯ ಅಂದ್ರ ಒಂದು ಮೇಜು, ಒಂದು ಗುರುತಿನ ಚೀಟಿ, ಕಚೇರಿಯಾಗ ನೋಂದಣಿ ಆದ ಮೊಹರು, ಎದುರಿಗೆ ನೋಂದಣಿ ಕೆಲಸದ ವಕೀಲ. ‘ನಿಮ್ಮ ಹುಟ್ಟಿದ ತಾರೀಖು ಹೇಳ್ರಿ’ ಅನ್ನೋ ಸಾದಾ ಪ್ರಶ್ನೆ. ನಕಲಿ ಮಾಲಕ ಬಾಯಿಪಾಠ ಮಾಡ್ಯಾನ. ಆದ್ರ ಪಾಠದಾಗ ಇಲ್ಲದ ಪ್ರಶ್ನೆ ಬಂದ್ರ? ನಮ್ಮ ಸಬ್ ರಜಿಸ್ಟ್ರಾರ್ ಆಫೀಸಿನ ಉತಾರ, ಹೆಬ್ಬಟ್ಟು, ಇಬ್ಬರು ಸಾಕ್ಷಿ, ಫೋಟೋ ಹೊಡಿಯೋ ಕ್ಯಾಮೆರಾ, ಎಲ್ಲಾ ಇದಕ್ಕ ಹೊಂದತಾವು. ಕಾಗದದ ಕ್ರಮ ಒಂದೂ ತಪ್ಪಬಾರದು. ಯಾವ ಕಾಗದ ಮೊದಲು, ಯಾವುದು ಆಮ್ಯಾಲೆ ಅನ್ನೋದು ತಪ್ಪಿದ್ರ ಅರ್ಧ ಹುಬ್ಬಳ್ಳಿಗೆ ಗೊತ್ತಾಕೈತಿ, ನಂಬಿಕಿ ಅಲ್ಲೇ ಹರೀತೈತಿ. ಬಾಂಡ್ ರೈಟರ್ ಒಬ್ಬರಿಗೆ ಬರದದ್ದು ತೋರಸಿ ತಿದ್ದಿಸಿಕೊಳ್ರಿ.

ಬ್ಯಾಡಗಿ ಖಾರ, ಹಾವೇರಿ ಜಿಲ್ಲಾ

ಹಂಗಂದ್ರ ನಮ್ಮ ಮಾರ್ಕೆಟ್ಟಿನ ಮ್ಯಾಲೆ ಒಂದು ಕಟ್ಟಿ ತೋರಸ್ತೀನಿ, ಸಾಧನಕೇರಿ ಅಣ್ಣಾರ. ಒಬ್ಬ ರೈತ, 40 ಚೀಲ ಬ್ಯಾಡಗಿ ಮೆಣಸಿನಕಾಯಿ, ದಲಾಲಿ ಅಂಗಡಿಯಾಗ ಒಂದ ಲಾಟ್. ಸಂಜಿ ಒಳಗ ಬ್ಯಾಂಕಿಗೆ ಕಟ್ಟಬೇಕಾದ ರೊಕ್ಕ, ಅದು ಗಡುವು. ಆ ರೊಕ್ಕಕ್ಕ ಕ್ವಿಂಟಲ್‌ಗೆ ಇಂತಿಷ್ಟು ದರ ಬರಲೇಬೇಕು, ಅದು ಅಂಕಿ. ರಾತ್ರಿ ಮಳಿ ಹನಿ ಬಿದ್ದು ಚೀಲ ಹಸಿ ಆಗ್ಯಾವು, ತೇವ ಇದ್ರ ದರ ಬೀಳತೈತಿ, ಅದು ನಿಯಮ. ಈ ಮೂರನ್ನ ಮೊದಲ ಮೂರು ನಿಮಿಷದಾಗ ಹಮಾಲ ಒಬ್ಬಾಂವ ಚೀಲದಾಗ ಕೈ ಹಾಕಿ ಕಾಯಿ ಮುರಿಯೋದ್ರಾಗ ತೋರಸ್ರಿ. ಒಣಗಿದ ಕಾಯಿ ಪಟ್ಟನ ಮುರಿತೈತಿ, ಹಸಿದು ಬಾಗತೈತಿ. ಅದು ಬಾಗಿದ್ದು ನೋಡಿದ್ರ ಸಾಕು, ಸಂಗೀತ ಬ್ಯಾಡ.

ಐದನೇ ನಿಮಿಷಕ್ಕ ಆಯ್ಕಿ: ಹಸಿ ಚೀಲ ಅಡಿಗೆ ಹಾಕಿ ಮುಚ್ಚೋದು, ಇಲ್ಲಾ ಖರೇ ಹೇಳೋದು. ಹತ್ತನೇ ನಿಮಿಷಕ್ಕ ಆ ಆಯ್ಕಿಗೆ ಬೆಲಿ ಬೀಳಬೇಕು, ಅಂದ್ರ ಖರೀದಿದಾರ ಅದ ಚೀಲ ಕಾಟಾದ ಮ್ಯಾಲೆ ಸುರಸಬೇಕು. ಹದಿನೈದಕ್ಕ ದಲಾಲಿ ಯಾರ ಕಡೆ ಅನ್ನೋದು ತಿರುವು. ಕಡೀ ಎರಡು ನಿಮಿಷ ಟೆಂಡರ್ ದರ ತೆರಿಯೋದು. ಅಂಕಿ ತೋರಿಸಿಯೇ ಮುಗಸ್ರಿ, ಮುಚ್ಚಿಡಬ್ಯಾಡ್ರಿ. ಕಂತು ಮುಗಿದ ಮ್ಯಾಲೂ ನೋಡೋರನ್ನ ಹಿಡಿಯೋದು ಮುಚ್ಚಿಟ್ಟ ಉತ್ತರ ಅಲ್ಲ, ಬಂದ ಉತ್ತರದಿಂದ ಹುಟ್ಟಿದ ಹೊಸಾ ಸಾಲ.

ಮಾಳಮಡ್ಡಿ, ಧಾರವಾಡ

ಕಾಯಿ ಬಾಗೋ ಶಾಟ್ ಭಾಳ ಛಂದ ಅದ. ಖಳನಾಯಕನ ಬಾಯಿಂದ ಕಡೀ ಕಂತಿನ್ಯಾಗ ಎಲ್ಲಾ ವಿವರಣೆ ಹೇಳಿಸಬ್ಯಾಡ್ರಿ ಅಷ್ಟ. ಜಪಾನಿನ ಚಲೋ ಚಲೋ ಸರಣಿಗಳೂ ಅಲ್ಲೇ ಮುಗ್ಗರಸ್ತಾವ, ಹತ್ತು ನಿಮಿಷ ಅಂವ ಒಬ್ಬನ ಮಾತಾಡ್ತಿರ್ತಾನ, ಎಲ್ಲಾರೂ ನಿಂತು ಕೇಳ್ತಿರ್ತಾರ. ಆ ವಿವರಣೆಯನ್ನ 4, 6, 8ನೇ ಕಂತಿಗೆ ಹಂಚಿಬಿಡ್ರಿ.

ಸಾಧನಕೇರಿ, ಧಾರವಾಡ

ಬರಕೊಂಡೀನ್ರಿ. ‘ಅನ್‌ನ್ಯಾಚುರಲ್’ ಮೊದಲ ಕಂತು ಗಡಿಯಾರ ಹಿಡಕೊಂಡು ಎರಡು ಸಲ ನೋಡೋದು, ಒಮ್ಮೆ ದನಿ ಇಟ್ಟು, ಒಮ್ಮೆ ದನಿ ತಗದು. ಗಡುವು, ಅಂಕಿ, ನಿಯಮ ಎಷ್ಟನೇ ನಿಮಿಷಕ್ಕ ಬಂದ್ವು ಅಂತ ಪಟ್ಟಿ ಮಾಡಿ ಇಲ್ಲೇ ಹಾಕ್ತೀನಿ, ತಪ್ಪಿದ್ರ ತಿದ್ರಿ.